ಭಾಗ 6: ‘ಸಾಧಾರಣ’ ಅಂದ್ರೆ ತಪ್ಪಾ?

‘ಮಧ್ಯಂತರ ತಡೆಯಾಜ್ಞೆ’ ಅಂದ ತಕ್ಷಣ ಕ್ಲಾಸಲ್ಲಿ ಅರ್ಧ ಬೆಂಚು ಮಲಗಿಬಿಡುತ್ತೆ. ಅದಕ್ಕೇ ಇವತ್ತು ಚ್ಯವನಪ್ರಾಶದ ಜಗಳ ಹೇಳ್ತೀನಿ. ಜೊತೆಗೆ ನನ್ನ ಅಭಿಪ್ರಾಯಾನೂ ಇದೆ. ಒಪ್ಪದಿದ್ರೆ ಕಾಮೆಂಟಲ್ಲಿ ಬಯ್ಯಿರಿ.

ಪತಂಜಲಿ ಒಂದು ಜಾಹೀರಾತು ಹಾಕ್ತು. ‘40 ಗಿಡಮೂಲಿಕೆಯ ಸಾಧಾರಣ ಚ್ಯವನಪ್ರಾಶ ಯಾಕೆ?’ ಅನ್ನೋದು ಅದರ ಸಾರಾಂಶ. ಯಾರ ಹೆಸರೂ ಹೇಳಿಲ್ಲ. ಆದ್ರೆ 40 ಗಿಡಮೂಲಿಕೆ ಅಂತ ಹೇಳಿಕೊಂಡು ಮಾರೋದು ಡಾಬರ್. ನಮಗೇ ಹೇಳ್ತಿರೋದು ಅಂತ ಡಾಬರ್ ದೆಹಲಿ ಹೈಕೋರ್ಟಿಗೆ ಹೋಯ್ತು. 2025ರ ಜುಲೈ 3ರಂದು ಏಕಸದಸ್ಯ ಪೀಠ ಮಧ್ಯಂತರ ತಡೆಯಾಜ್ಞೆ ಕೊಡ್ತು: ಇಂಥ ಸಾಲುಗಳನ್ನ ತೆಗೆಯಿರಿ.

ಇಲ್ಲಿ ಒಂದು ವಿಷಯ ಗಮನಿಸಿ. ಇದು ತೀರ್ಪಲ್ಲ. ಈ ಹಂತದಲ್ಲಿ ಸಾಕ್ಷಿ ವಿಚಾರಣೆ ಆಗಿರಲ್ಲ. ಕೋರ್ಟ್ ನೋಡೋದು ಮೂರೇ: ಮೇಲ್ನೋಟಕ್ಕೆ ಕೇಸಲ್ಲಿ ಹುರುಳಿದೆಯಾ, ತಡೆ ಕೊಟ್ರೆ ಅಥವಾ ಬಿಟ್ರೆ ಯಾರಿಗೆ ಹೆಚ್ಚು ತೊಂದರೆ, ಆಮೇಲೆ ದುಡ್ಡು ಕೊಟ್ಟು ತುಂಬಿಸೋಕಾಗದ ನಷ್ಟ ಆಗುತ್ತಾ.

ಹೆಸರಿಗೆ ತಾತ್ಕಾಲಿಕ. ಆದ್ರೆ ಜಾಹೀರಾತಿನ ಆಯಸ್ಸು ಎಷ್ಟು ಹೇಳಿ? ಚ್ಯವನಪ್ರಾಶ ಜೋರಾಗಿ ಮಾರಾಟ ಆಗೋದು ಚಳಿಗಾಲದಲ್ಲಿ. ಮೂಲ ದಾವೆ ಮುಗಿಯೋಷ್ಟರಲ್ಲಿ ಎಷ್ಟು ಚಳಿಗಾಲ ಕಳೆದಿರುತ್ತೋ! ಹಾಗಾಗಿ ಜಾಹೀರಾತಿನ ಜಗಳದಲ್ಲಿ ಮಧ್ಯಂತರ ಆದೇಶವೇ ಹೆಚ್ಚುಕಮ್ಮಿ ಕೊನೆಯ ಆದೇಶ. ಪತಂಜಲಿ ಮೇಲ್ಮನವಿ ಹಾಕಿದಾಗ ‘ದುಡ್ಡಿದೆ, ಹಾಕ್ತಾರೆ’ ಅಂತ ನಾನೂ ನಕ್ಕಿದ್ದೆ. ಈಗ ನಗಲ್ಲ.

ಮೇಲ್ಮನವಿ ಸುಲಭವೂ ಅಲ್ಲ. ವಾಂಡರ್–ಆಂಟಾಕ್ಸ್ ಕೇಸಲ್ಲಿ 1990ರಲ್ಲೇ ಸುಪ್ರೀಂ ಕೋರ್ಟ್ ಗೆರೆ ಎಳೆದಿದೆ: ‘ನಾವಾಗಿದ್ರೆ ಬೇರೆ ಥರ ಹೇಳ್ತಿದ್ವಿ’ ಅನ್ನೋ ಒಂದೇ ಕಾರಣಕ್ಕೆ ಮೇಲಿನ ಪೀಠ ಕೈ ಹಾಕಬಾರದು. ಕೆಳಗಿನ ಆದೇಶ ಮನಸ್ಸಿಗೆ ಬಂದಂತೆ ಕೊಟ್ಟಿದ್ದೋ, ಕಾನೂನನ್ನೇ ಬಿಟ್ಟಿದ್ದೋ ಆಗಿರಬೇಕು. ಅಂದ್ರೆ ಇದು ಸಪ್ಲಿಮೆಂಟರಿ ಎಕ್ಸಾಂ ಅಲ್ಲ. ಹೊಸದಾಗಿ ಬರೆಯೋಕಾಗಲ್ಲ, ಸ್ಕೀಮ್ ಬಿಟ್ಟು ಮಾರ್ಕ್ಸ್ ಹಾಕಿದ್ದಾರೆ ಅಂತ ತೋರಿಸಬೇಕು.

ಸೆಪ್ಟೆಂಬರಲ್ಲಿ ವಿಭಾಗೀಯ ಪೀಠದ ಮುಂದೆ ವಿಚಾರಣೆ ಬಂತು. ಹುರುಳಿಲ್ಲದ ಮೇಲ್ಮನವಿ ಆದ್ರೆ ದಂಡ ಹಾಕ್ತೀವಿ ಅನ್ನೋ ಎಚ್ಚರಿಕೆಯೂ ಬಂತು. ಕೊನೆಗೆ ಪೀಠ ಆದೇಶವನ್ನ ಬದಲಿಸಿತು: ‘40 ಗಿಡಮೂಲಿಕೆ’ ಅನ್ನೋದು ಹೋಗಬೇಕು, ‘ಸಾಧಾರಣ ಚ್ಯವನಪ್ರಾಶ ಯಾಕೆ’ ಅನ್ನೋದು ಇರಬಹುದು.

ನನ್ನ ಪ್ರಕಾರ ಇದು ಸರಿ. ‘40’ ಅಂದ್ರೆ ಬೆರಳು ತೋರಿಸಿದ ಹಾಗೆ. ಬರೀ ‘ಸಾಧಾರಣ’ ಅಂದ್ರೆ ಜಂಬ. ಹೆತ್ತವರಿಗೆ ಹೆಗ್ಗಣ ಮುದ್ದು ಅನ್ನೋ ಹಾಗೆ, ಮಾರೋರಿಗೆಲ್ಲ ತಮ್ಮ ಮಾಲೇ ಶ್ರೇಷ್ಠ. ಅದು ಗ್ರಾಹಕರಿಗೂ ಗೊತ್ತು. ಜಂಬಕ್ಕೆಲ್ಲ ಕೋರ್ಟ್ ತಡೆ ಕೊಡ್ತಾ ಹೋದ್ರೆ ಜಾಹೀರಾತೇ ಮಾಡೋಕಾಗಲ್ಲ.

ಹಾಗಂತ ಏನು ಬೇಕಾದ್ರೂ ಅನ್ನಬಹುದಾ? ಇಲ್ಲ. ಅದೇ ವರ್ಷ ನವೆಂಬರಲ್ಲಿ, ಬೇರೆ ಚ್ಯವನಪ್ರಾಶಗಳನ್ನೆಲ್ಲ ‘ಧೋಖಾ’ ಅಂದಿದ್ದ ಪತಂಜಲಿಯ ಇನ್ನೊಂದು ಜಾಹೀರಾತಿಗೂ ದೆಹಲಿ ಹೈಕೋರ್ಟ್ ಮಧ್ಯಂತರ ತಡೆ ಕೊಡ್ತು. ಅದೂ ಸರಿಯೇ. ‘ನಂದು ಚೆನ್ನಾಗಿದೆ’ ಅನ್ನೋದು ಬೇರೆ, ಲೈಸೆನ್ಸ್ ತಗೊಂಡು ಮಾರೋರನ್ನೆಲ್ಲ ‘ಮೋಸಗಾರರು’ ಅನ್ನೋದು ಬೇರೆ.

ನನಗೆ ಚಿಂತೆ ಇರೋದು ಇವರಿಬ್ಬರ ಬಗ್ಗೆ ಅಲ್ಲ. ಇಬ್ಬರ ಹತ್ರಾನೂ ದೊಡ್ಡ ಲಾಯರ್‌ಗಳಿದ್ದಾರೆ. ನಾಳೆ ನಮ್ಮ ಕ್ಲಾಸಿನವರೇ ಯಾರಾದ್ರೂ ಮನೆಯಲ್ಲಿ ಉಪ್ಪಿನಕಾಯಿ ಮಾಡಿ, ‘ಸಾಧಾರಣ ಉಪ್ಪಿನಕಾಯಿ ಸಾಕಾ?’ ಅಂತ ರೀಲ್ ಹಾಕಿದ್ರು ಅನ್ಕೊಳ್ಳಿ. ದೊಡ್ಡ ಕಂಪನಿ ತಡೆಯಾಜ್ಞೆ ತಂದ್ರೆ ಮೇಲ್ಮನವಿಗೆ ಫೀಸ್ ಕಟ್ಟೋರು ಯಾರು? ಅವರಿಗೆ ಮೊದಲ ಆದೇಶಾನೇ ಕೊನೆ. ಅದಕ್ಕೇ ಮೊದಲ ಕೋರ್ಟೇ ತಪ್ಪಿರೋ ಪದವನ್ನಷ್ಟೇ ಕತ್ತರಿಸಬೇಕು, ಇಡೀ ಸಾಲನ್ನಲ್ಲ. ಅದಾಗದಿದ್ರೆ ಮೇಲ್ಮನವಿಯಾದ್ರೂ ಬೇಗ ಮುಗೀಬೇಕು.

ನೀವು ಹೇಳಿ: ‘ಸಾಧಾರಣ’ ಅಂದ್ರೆ ಜಂಬಾನಾ, ಅವಮಾನಾನಾ?

#ಬಿಕಾಂಕಟ್ಟೆ #ಭಾಗ6 #ಜಾಹೀರಾತುಜಗಳ