ಶ್ರೇಯ ಕೊಡಿ, ಹಾರ ಬೇಡ

2007ರ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಸೇಂಟ್ ಲೂಯಿಸ್ ನಗರದ ಸಂಗೀತೋತ್ಸವವೊಂದರಲ್ಲಿ ಒಂದು ದಿನವನ್ನು 'ಐಕ್ ಟರ್ನರ್ ದಿನ' ಎಂದು ಆಚರಿಸಲು ಹೊರಟರು. ಅದರ ಘೋಷಣೆಗೆ ಸಹಿ ಹಾಕಲು ಮೇಯರ್ ಫ್ರಾನ್ಸಿಸ್ ಸ್ಲೇ ಒಪ್ಪಲಿಲ್ಲ. ಐವತ್ತರ ದಶಕದಲ್ಲಿ ಅದೇ ಊರಿನ ಕ್ಲಬ್ಬುಗಳಲ್ಲಿ ತನ್ನ ವಾದ್ಯತಂಡದೊಡನೆ ನುಡಿಸಿ ಮೇಲೆ ಬಂದ ಮನುಷ್ಯನಿಗೆ, ಎಪ್ಪತ್ತೈದರ ವಯಸ್ಸಿನಲ್ಲಿ, ಊರಿನ ಆ ಗೌರವ ತಪ್ಪಿತು. ಡಿಸೆಂಬರ್ 12ರಂದು ಆತ ತೀರಿಕೊಂಡ. ಕೊಕೇನ್ ಅತಿಯಾಗಿದ್ದೇ ಕಾರಣವೆಂದು ಮರಣೋತ್ತರ ವರದಿ ಹೇಳಿತು. ಹೆಂಡತಿಯನ್ನು ಹೊಡೆದನೆಂದು ಸಾಯುವ ಮುದುಕನಿಗೂ ಕ್ಷಮೆ ಬೇಡವೇ ಎಂದು ಅಭಿಮಾನಿಗಳು ಇವತ್ತಿಗೂ ಕೇಳುತ್ತಾರೆ. ಮೇಯರ್ ಮಾಡಿದ್ದೇ ಸರಿ ಎಂದು ನಾನು ಹೇಳುತ್ತೇನೆ. ಹಾಗೆ ಹೇಳುವ ಮೊದಲು ಐಕ್ ಟರ್ನರ್‌ಗೆ ಸಲ್ಲಬೇಕಾದ್ದನ್ನು ಪೂರ್ತಿಯಾಗಿ ಸಲ್ಲಿಸುವುದು ನ್ಯಾಯ.

1931ರಲ್ಲಿ ಮಿಸಿಸಿಪ್ಪಿಯ ಕ್ಲಾರ್ಕ್ಸ್‌ಡೇಲ್‌ನಲ್ಲಿ, ಸುತ್ತ ಹತ್ತಿ ಹೊಲಗಳಿದ್ದ ಸೀಮೆಯಲ್ಲಿ ಹುಟ್ಟಿದ ಕಪ್ಪು ಹುಡುಗ. ತಂದೆಯನ್ನು ಬಿಳಿಯರ ಗುಂಪು ಹೊಡೆದು ಹಾಕಿತು, ಆ ಪೆಟ್ಟಿನಿಂದಲೇ ಅವರು ಕೊನೆಗೆ ಸತ್ತರು ಎಂದು ಆತ ಹೇಳಿಕೊಂಡಿದ್ದಾನೆ. ಪೈನ್‌ಟಾಪ್ ಪರ್ಕಿನ್ಸ್ ಬಳಿ ಪಿಯಾನೊ ಕಲಿತು, 'ಕಿಂಗ್ಸ್ ಆಫ್ ರಿದಮ್' ಎಂಬ ತಂಡ ಕಟ್ಟಿದ. 1951ರ ಮಾರ್ಚ್‌ನಲ್ಲಿ ಹುಡುಗರನ್ನೆಲ್ಲ ಕಾರಿಗೆ ತುಂಬಿಕೊಂಡು ಮೆಂಫಿಸ್‌ನಲ್ಲಿದ್ದ ಸ್ಯಾಮ್ ಫಿಲಿಪ್ಸ್ ಸ್ಟುಡಿಯೋಗೆ ಹೊರಟ. ದಾರಿಯಲ್ಲಿ ಗಿಟಾರಿನ ಆಂಪ್ಲಿಫೈಯರ್ ಹಾಳಾಯಿತು. ಅದರ ಹರಿದ ಕೋನ್‌ಗೆ ಕಾಗದ ತುರುಕಿ ನುಡಿಸಿದರು. ಆ ಒಡಕು, ಗರಗರ ಸದ್ದೇ 'ರಾಕೆಟ್ 88' ಹಾಡಿನ ಗುರುತಾಯಿತು. ಆ ವರ್ಷ ಅದು ರಿದಮ್ ಅಂಡ್ ಬ್ಲೂಸ್ ಪಟ್ಟಿಯ ಮೊದಲ ಸ್ಥಾನಕ್ಕೇರಿತು. ಜಗತ್ತಿನ ಮೊದಲ ರಾಕ್ ಅಂಡ್ ರೋಲ್ ಹಾಡು ಇದೇ ಎನ್ನುವವರು ಬಹಳ ಜನ.

ಆದರೆ ಚೆಸ್ ಕಂಪನಿ ಹೊರತಂದ ಆ ಹಾಡಿನ ತಟ್ಟೆಯ ಮೇಲೆ ಇದ್ದದ್ದು ಹಾಡಿದವನ ಹೆಸರು: ಜಾಕಿ ಬ್ರೆನ್ಸ್‌ಟನ್ ಮತ್ತು ಅವನ 'ಡೆಲ್ಟಾ ಕ್ಯಾಟ್ಸ್'. ತಂಡ ಕಟ್ಟಿ, ತಾಲೀಮು ಮಾಡಿಸಿ, ಪಿಯಾನೊ ನುಡಿಸಿದ ಐಕ್‌ಗೆ ದಕ್ಕಿದ್ದು 20 ಡಾಲರ್. ಹತ್ತೊಂಬತ್ತರ ಹುಡುಗನಿಗೆ ಇದು ಸಣ್ಣ ಅನ್ಯಾಯವಲ್ಲ. ಆಮೇಲೆ ರೆಕಾರ್ಡ್ ಕಂಪನಿಗಳ ಪರವಾಗಿ ಊರೂರು ತಿರುಗಿ ಹಾಡುಗಾರರನ್ನು ಹುಡುಕಿದ, ಬಿ.ಬಿ. ಕಿಂಗ್‌ನ ಆರಂಭದ ಧ್ವನಿಮುದ್ರಣಗಳಲ್ಲಿ ಪಿಯಾನೊ ನುಡಿಸಿದ, ಹೌಲಿಂಗ್ ವುಲ್ಫ್‌ನಂಥವರನ್ನು ಸ್ಟುಡಿಯೋಗೆ ತಂದ. ಇಪ್ಪತ್ತನೇ ಶತಮಾನದ ಜನಪ್ರಿಯ ಸಂಗೀತದ ಚರಿತ್ರೆಯನ್ನು ಈತನನ್ನು ಬಿಟ್ಟು ಬರೆದರೆ ಅದು ಸುಳ್ಳು ಚರಿತ್ರೆ.

ತನ್ನ ಹೆಸರು ಕಳೆದುಕೊಂಡ ನೋವು ಬಲ್ಲ ಈ ಮನುಷ್ಯ ಮುಂದೆ ಮಾಡಿದ್ದೇನು? ಆನಾ ಮೇ ಬುಲಕ್ ಎಂಬ ಎಳೆಯ ಹುಡುಗಿ ಈಸ್ಟ್ ಸೇಂಟ್ ಲೂಯಿಸ್‌ನ ಕ್ಲಬ್ಬಿನಲ್ಲಿ ಮೈಕ್ ಹಿಡಿದಳು. 1960ರಲ್ಲಿ ಒಂದು ಹಾಡಿಗೆ ಬರಬೇಕಿದ್ದ ಗಾಯಕ ಬರಲಿಲ್ಲ, ಇವಳು ಹಾಡಿದಳು, ಹಾಡು ಗೆದ್ದಿತು. ಐಕ್ ಅವಳಿಗೆ 'ಟೀನಾ ಟರ್ನರ್' ಎಂದು ಹೊಸ ಹೆಸರಿಟ್ಟ. ಅವಳನ್ನು ಕೇಳಲೂ ಇಲ್ಲ. ಆ ಹೆಸರನ್ನು ತನ್ನ ಸ್ವತ್ತಾಗಿ ನೋಂದಾಯಿಸಿಕೊಂಡ. ನಾಳೆ ಇವಳು ಬಿಟ್ಟುಹೋದರೆ ಇನ್ನೊಬ್ಬಳನ್ನು ತಂದು ಅದೇ ಹೆಸರಿನಲ್ಲಿ ಹಾಡಿಸಬಹುದು ಎಂಬ ಲೆಕ್ಕಾಚಾರ. ಊರೂರು ತಿರುಗಲು ತಾನು ಹಿಂದೆಮುಂದೆ ನೋಡಿದಾಗ ಶೂ ಒಳಗಿಡುವ ಮರದ ಅಚ್ಚಿನಿಂದ ಹೊಡೆದ ಎಂದು ಟೀನಾ 1986ರ ತನ್ನ ಆತ್ಮಕಥೆಯಲ್ಲಿ ಹೇಳಿದ್ದಾಳೆ. ಇಬ್ಬರೂ ಮದುವೆಯಾದರು, ಹದಿನಾರು ವರ್ಷ ಹೀಗೆ ನಡೆಯಿತು. 1976ರ ಜುಲೈನಲ್ಲಿ ಡಲ್ಲಾಸ್‌ನ ಹೋಟೆಲಿನಿಂದ, ಮುಖದಲ್ಲಿ ರಕ್ತ, ಕೈಯಲ್ಲಿ 36 ಸೆಂಟ್ ಮತ್ತು ಒಂದು ಪೆಟ್ರೋಲ್ ಕಾರ್ಡ್ ಹಿಡಿದು ಆಕೆ ಹೆದ್ದಾರಿ ದಾಟಿ ಓಡಿದಳು. 1978ರಲ್ಲಿ ವಿಚ್ಛೇದನವಾದಾಗ ಆಸ್ತಿಯಲ್ಲಿ ಪಾಲು ಬಿಟ್ಟುಕೊಟ್ಟು, ರದ್ದಾದ ಕಾರ್ಯಕ್ರಮಗಳ ಸಾಲವನ್ನೂ ತಲೆಯ ಮೇಲೆ ಹೊತ್ತು, ವೇದಿಕೆಯ ಹೆಸರನ್ನು ಮಾತ್ರ ಹಟ ಹಿಡಿದು ಪಡೆದಳು.

ಇಲ್ಲಿಗೆ ಬಂದಾಗಲೇ ನಮ್ಮಲ್ಲೂ ಎಲ್ಲರ ಬಾಯಲ್ಲಿರುವ ಆ ಮಾತು ಎದುರಾಗುತ್ತದೆ: ಕಲೆ ಬೇರೆ, ಕಲಾವಿದನ ಖಾಸಗಿ ಬದುಕು ಬೇರೆ. ಒಬ್ಬ ಕವಿ ಒಂಟಿಯಾಗಿ ಕೂತು ಬರೆದ ಪದ್ಯದ ವಿಷಯದಲ್ಲಿ ಈ ಮಾತನ್ನು ಚರ್ಚಿಸಬಹುದು. ವಾದ್ಯತಂಡದ ಯಜಮಾನನ ವಿಷಯದಲ್ಲಿ ಅದಕ್ಕೆ ಬುಡವೇ ಇಲ್ಲ. ಐಕ್ ತಂಡದಲ್ಲಿ ತಪ್ಪು ಮಾಡಿದವರಿಗೆ ದಂಡ ಹಾಕುತ್ತಿದ್ದ, ದುಡ್ಡು ತಾನೇ ಇಟ್ಟುಕೊಳ್ಳುತ್ತಿದ್ದ, ಯಾವ ಹಾಡು, ಯಾವ ಊರು ಎಲ್ಲವೂ ಅವನ ಮಾತು. ಹೊಡೆತ ಆ ಆಡಳಿತದ ಒಂದು ಭಾಗ. ವೇದಿಕೆಯ ಮೇಲಿನ ಆ ಕರಾರುವಾಕ್ಕು, ಆ ಬಿರುಸು, ಜನ ಶಿಳ್ಳೆ ಹೊಡೆದ ಆ ಶಿಸ್ತು ಎಲ್ಲ ಭಯದ ನೆರಳಲ್ಲೇ ತಯಾರಾದದ್ದು. ಉದ್ಯೋಗದ ಜಾಗದಲ್ಲಿ, ಉದ್ಯೋಗಕ್ಕಾಗಿ, ಯಜಮಾನ ಮಾಡಿದ ಹಲ್ಲೆಯನ್ನು ಖಾಸಗಿ ಎಂದು ಕರೆಯುವುದು ಯಾರ ಅನುಕೂಲಕ್ಕೆ?

ಐಕ್ ಪರ ವಾದಿಸುವವರ ಎರಡು ಮಾತಿಗೆ ತೂಕವಿದೆ. ಟೀನಾ ಬದುಕನ್ನು ಕುರಿತ 1993ರ ಸಿನಿಮಾ ಬಹಳಷ್ಟನ್ನು ಕಟ್ಟಿ ಹೇಳಿತು ಎನ್ನುತ್ತಾರೆ. ನಿಜ, ಆ ಚಿತ್ರ ಟೀನಾಗೂ ಹಿಡಿಸಲಿಲ್ಲ. ಆದರೆ ಸಿನಿಮಾ ನಮಗೆ ಬೇಕಾಗಿಯೇ ಇಲ್ಲ. ಐಕ್ ತನ್ನ ಆತ್ಮಕಥೆಯಲ್ಲೇ ಕೈಮಾಡಿದ್ದನ್ನು ಒಪ್ಪಿಕೊಂಡು, ಅದನ್ನು ಹೊಡೆತವೆಂದು ಕರೆಯಲು ಮಾತ್ರ ತಕರಾರು ಮಾಡಿದ. ಎರಡನೆಯದು ಇನ್ನೂ ಗಟ್ಟಿ ವಾದ: ಕಪ್ಪು ಮನುಷ್ಯನನ್ನೇ ಯಾಕೆ ರಾಕ್ಷಸನನ್ನಾಗಿ ಮಾಡಿದಿರಿ? ಹದಿಮೂರರ ಹುಡುಗಿಯನ್ನು ಮದುವೆಯಾದ ಬಿಳಿಯ ಗಾಯಕ ಜೆರ್ರಿ ಲೀ ಲೂಯಿಸ್‌ನನ್ನು ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್ 1986ರ ಮೊದಲ ಸಾಲಿನಲ್ಲೇ ಕೂರಿಸಿತು. ಐಕ್‌ನ ಅಂತ್ಯಕ್ರಿಯೆಯಲ್ಲಿ ನಿಂತು ಟೀನಾಳನ್ನು ಹಳಿದ ಸಂಗೀತ ನಿರ್ಮಾಪಕ ಫಿಲ್ ಸ್ಪೆಕ್ಟರ್ ಆಗಲೇ ಕೊಲೆ ಆರೋಪಿ, 2009ರಲ್ಲಿ ಅಪರಾಧಿಯೆಂದು ಸಾಬೀತಾದವನು. ಇಬ್ಬಗೆಯ ನೀತಿ ಇದ್ದೇ ಇದೆ. ಅದಕ್ಕೆ ಮದ್ದು, ಐಕ್‌ಗೆ ಹಿಡಿದ ಅಳತೆಗೋಲನ್ನೇ ಆ ಬಿಳಿಯರಿಗೂ ಹಿಡಿಯುವುದು. ಅವರಿಗೆ ಸಿಕ್ಕ ರಿಯಾಯಿತಿಯನ್ನು ಇವನಿಗೂ ಹಂಚಿದರೆ ಏಟು ತಿಂದವಳಿಗೆ ಸಿಕ್ಕಿದ್ದೇನು?

ಆದ್ದರಿಂದ ಎರಡನ್ನು ಬೇರೆ ಇಡಬೇಕು. ಒಂದು ದಾಖಲೆ, ಇನ್ನೊಂದು ಸನ್ಮಾನ. ಕ್ಲಾರ್ಕ್ಸ್‌ಡೇಲ್‌ನಲ್ಲಿ ಐಕ್ ಹೆಸರಿನ ಚರಿತ್ರೆಯ ಫಲಕ ನಿಂತಿದೆ, ನಿಲ್ಲಲಿ. ಪಠ್ಯದಲ್ಲಿ, ತಟ್ಟೆಯ ಮೇಲೆ, ಸಂಶೋಧನೆಯಲ್ಲಿ ಅವನ ಪಾಲು ಒಂದು ಸ್ವರವೂ ಕಡಿಮೆಯಾಗದಂತೆ ಬರೆಯಲಿ. ಆದರೆ ಸಾರ್ವಜನಿಕರ ಹೆಸರಿನಲ್ಲಿ ಹಾಕುವ ಹಾರ ಸಾಧನೆಯ ರಸೀದಿಯಾಗಬಾರದು. ನಿಮ್ಮಂಥವರು ನಮಗೆ ಬೇಕು ಎಂದು ಊರೇ ಎದ್ದುನಿಂತು ಹೇಳುವ ಮಾತು ಅದು.

ನಮ್ಮ ಕೋಡಿಹಳ್ಳಿಯಂಥ ಊರಿಗೆ ಇದೆಲ್ಲ ದೂರದ ಕಥೆಯೆನಿಸಬಹುದು. ಆದರೆ ನಮ್ಮ ಕನಕಪುರ ಸೀಮೆಯಲ್ಲೂ ಹಬ್ಬ, ಜಾತ್ರೆ, ಗಣೇಶನನ್ನು ಕೂರಿಸಿದ ರಾತ್ರಿಗೆ ರಸಮಂಜರಿ ಬರುತ್ತದೆ. ಫ್ಲೆಕ್ಸ್‌ನಲ್ಲಿ ಮುಖಂಡರ ಮುಖ ದೊಡ್ಡದು, ಆರ್ಕೆಸ್ಟ್ರಾ ಮಾಲೀಕನದು ಅದರ ಪಕ್ಕ. ರಾತ್ರಿ ಎರಡರವರೆಗೆ ಹಾಡಿದ ಹುಡುಗಿಗೆ ಎಷ್ಟು ಸಿಕ್ಕಿತು, ಅವಳು ಹೇಗೆ ಊರು ತಲುಪಿದಳು ಎಂದು ಹಬ್ಬದ ಕಮಿಟಿ ಕೇಳುವುದಿಲ್ಲ. ಪೇಮೆಂಟ್ ಎಣಿಸಿ ಮಾಲೀಕನ ಕೈಗೆ ಕೊಟ್ಟರೆ ಮುಗಿಯಿತು. ಆ ಹುಡುಗಿ ದೂರು ಕೊಡಬೇಕೆಂದರೆ ಯಾರ ಮೇಲೆ, ಎಲ್ಲಿ?

ಸಿನಿಮಾದವರು ಈ ಪ್ರಶ್ನೆಯನ್ನು ಎತ್ತಿದ್ದಾರೆ. 2024ರ ಆಗಸ್ಟ್‌ನಲ್ಲಿ ಮಲಯಾಳಂ ಚಿತ್ರರಂಗದ ಹೆಣ್ಣುಮಕ್ಕಳ ಸ್ಥಿತಿ ಕುರಿತ ಕೇರಳದ ಹೇಮಾ ಸಮಿತಿ ವರದಿ ಹೊರಬಿದ್ದ ಮೇಲೆ ಕನ್ನಡ ಚಿತ್ರರಂಗದ 'ಫೈರ್' ಸಂಘಟನೆ ಇಲ್ಲಿಯೂ ಅಂಥದೊಂದು ಸಮಿತಿ ಬೇಕೆಂದು ಮುಖ್ಯಮಂತ್ರಿಗೆ ಮನವಿ ಕೊಟ್ಟಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಕೇಂದ್ರ ಸರ್ಕಾರ ನೃತ್ಯ ನಿರ್ದೇಶಕ ಜಾನಿ ಮಾಸ್ಟರ್‌ಗೆ ಘೋಷಿಸಿದ್ದ ರಾಷ್ಟ್ರೀಯ ಪ್ರಶಸ್ತಿಯನ್ನು ಪೋಕ್ಸೊ ಪ್ರಕರಣದ ಕಾರಣಕ್ಕೆ ತಡೆಹಿಡಿಯಿತು. ಆರೋಪ ಸಾಬೀತಾಗುವುದು ನ್ಯಾಯಾಲಯದ ಕೆಲಸ, ಅಲ್ಲಿಯವರೆಗೆ ಹಾರ ಕಾಯಲಿ ಎಂಬುದಷ್ಟೇ ಆ ನಿರ್ಧಾರ. ರಾಜ್ಯೋತ್ಸವ ಪ್ರಶಸ್ತಿಯಿಂದ ಹಿಡಿದು ತಾಲ್ಲೂಕು ಮಟ್ಟದ ಶಾಲು-ಹಾರದವರೆಗೆ ಇದೇ ನಿಯಮ ಬರಬೇಕು.

ಹಳ್ಳಿಯ ವೇದಿಕೆಗೂ ಕಾನೂನು ಇದೆ, ಯಾರೂ ಹೇಳಿಲ್ಲ ಅಷ್ಟೆ. ಕೆಲಸದ ಸ್ಥಳದಲ್ಲಿ ಲೈಂಗಿಕ ಕಿರುಕುಳ ತಡೆಯುವ 2013ರ ಕಾಯ್ದೆಯ ಪ್ರಕಾರ ಪ್ರತಿ ಜಿಲ್ಲೆಯಲ್ಲೂ ಸ್ಥಳೀಯ ಸಮಿತಿ ಇರಬೇಕು. ಹತ್ತಕ್ಕಿಂತ ಕಡಿಮೆ ಜನ ದುಡಿಯುವ ಕಡೆಯವರು, ಮಾಲೀಕನ ಮೇಲೆಯೇ ದೂರು ಇರುವವರು ನೇರವಾಗಿ ಅಲ್ಲಿಗೆ ಹೋಗಬಹುದು. ರಸಮಂಜರಿ ತಂಡದ ಹುಡುಗಿಗೆ ಹೇಳಿ ಮಾಡಿಸಿದ ದಾರಿ ಇದು. ಈಗ ಬೆಂಗಳೂರು ದಕ್ಷಿಣವೆಂದು ಹೆಸರು ಬದಲಿಸಿಕೊಂಡಿರುವ ನಮ್ಮ ಜಿಲ್ಲೆಯ ಆಡಳಿತ ಆ ಸಮಿತಿಯ ವಿಳಾಸ, ಫೋನ್ ನಂಬರನ್ನು ಪ್ರತಿ ಪಂಚಾಯಿತಿ ಕಚೇರಿಯ ಗೋಡೆಯ ಮೇಲೆ ಬರೆಸಲಿ. ಮೈಕ್‌ಗೆ ಅನುಮತಿ ಕೇಳಿ ಬಂದ ಕಮಿಟಿಯ ಕೈಗೂ ಅದನ್ನು ಕೊಡಲಿ. ಕಮಿಟಿಯವರು ಮುಂದಿನ ಹಬ್ಬಕ್ಕೆ ತಂಡ ಗೊತ್ತುಮಾಡುವಾಗ ಹಾಡುವವರ ಹೆಸರನ್ನು ಫ್ಲೆಕ್ಸ್ ಮೇಲೆ ಬರೆಸಲಿ, ಅವರ ಪಾಲಿನ ದುಡ್ಡನ್ನು ಅವರ ಕೈಗೇ ಕೊಡಲಿ.