ಹಮಾಲಿಗೆ ಹೂವಿಟ್ಟು ಕೈ ತೊಳೆದುಕೊಂಡರೆ ಆಯಿತೇ?

ನೆದರ್ಲೆಂಡ್ಸ್ ದೇಶದ ಆಮ್‌ಸ್ಟರ್‌ಡ್ಯಾಮ್ ನಗರದ ಒಂದು ಚೌಕದಲ್ಲಿ ಹಡಗುಕಟ್ಟೆಯ ಹಮಾಲಿಯೊಬ್ಬನ ಕಂಚಿನ ಪ್ರತಿಮೆ ಇದೆ. ಕುದುರೆ ಇಲ್ಲ, ಕತ್ತಿ ಇಲ್ಲ. ದಪ್ಪ ಮೈಯ ಗಂಡಸು, ಎರಡೂ ಕೈ ಖಾಲಿ, ತಲೆ ಮಾತ್ರ ತಗ್ಗಿಸಿಲ್ಲ. ಇಂಥವನೇ ಅಂತ ಹೆಸರೂ ಇಲ್ಲ. ‘ಡೊಕ್‌ವೆರ್ಕರ್’, ಅಂದರೆ ಹಡಗುಕಟ್ಟೆ ಕೆಲಸಗಾರ, ಅಷ್ಟೇ. ಶಿಲ್ಪಿ ಮಾರಿ ಆಂದ್ರಿಸೆನ್. 1952ರ ಡಿಸೆಂಬರ್‌ನಲ್ಲಿ ರಾಣಿ ಯೂಲಿಯಾನಾ ಅನಾವರಣ ಮಾಡಿದರು. ಪ್ರತಿವರ್ಷ ಫೆಬ್ರವರಿ 25ಕ್ಕೆ ಜನ ಅಲ್ಲಿ ಹೂವಿಡುತ್ತಾರೆ.

ಹೂವಿಡಲಿ. ನನ್ನ ತಕರಾರು ಹೂವಿನ ಮೇಲಲ್ಲ, ‘ಅವತ್ತು ಇಡೀ ಊರೇ ಎದ್ದು ನಿಂತಿತ್ತು’ ಅನ್ನುವ ಸುಲಭದ ಹೆಮ್ಮೆಯ ಮೇಲೆ.

ನಡೆದದ್ದು ಇಷ್ಟು. ಎರಡನೇ ಮಹಾಯುದ್ಧದಲ್ಲಿ ಆ ದೇಶ ಹಿಟ್ಲರ್‌ನ ಕೈಯಲ್ಲಿತ್ತು. 1941ರ ಫೆಬ್ರವರಿ 22 ಮತ್ತು 23ರಂದು ಜರ್ಮನ್ ಪೊಲೀಸರು ಯಹೂದಿಗಳ ಕೇರಿಗೆ ನುಗ್ಗಿ 400ಕ್ಕೂ ಹೆಚ್ಚು ಗಂಡಸರನ್ನು ಹಿಡಿದರು. ಈಗ ಪ್ರತಿಮೆ ಇರುವ ಅದೇ ಚೌಕದಲ್ಲಿ ಅವರನ್ನು ಕುಕ್ಕರುಗಾಲಲ್ಲಿ ಕೂರಿಸಿ, ಆಮೇಲೆ ಸಾಗಿಸಿದರು. ಅವರಲ್ಲಿ ಬದುಕಿ ವಾಪಸು ಬಂದವರು ಇಲ್ಲವೆನ್ನುವಷ್ಟು ಕಡಿಮೆ.

ಇದನ್ನು ಕಂಡು ಮೊದಲು ಎದ್ದವರು ಯಾರು? ಮೇಯರ್ ಅಲ್ಲ, ದೊಡ್ಡ ಸಾಹುಕಾರರೂ ಅಲ್ಲ. ವಿಲ್ಲೆಮ್ ಕ್ರಾನ್ ರಸ್ತೆ ಕೆಲಸದವರು, ಪೀಟ್ ನಾಕ್ ಬೀದಿ ಗುಡಿಸುವವರು. ನಮ್ಮ ಮಾತಲ್ಲಿ ಹೇಳಬೇಕೆಂದರೆ ಪೌರಕಾರ್ಮಿಕರು. ಇಬ್ಬರೂ ಕಮ್ಯುನಿಸ್ಟರು. ಆ ಪಕ್ಷವನ್ನು ಆಗಲೇ ನಿಷೇಧಿಸಲಾಗಿತ್ತು. 24ರ ಸಂಜೆ ಸಂತೆ ಮೈದಾನದಲ್ಲಿ ಸಭೆ ಸೇರಿದರು. 25ರ ಬೆಳಗ್ಗೆ ಟ್ರಾಂ ನಿಂತವು. ಟ್ರಾಂ ಬಾರದ್ದನ್ನು ಕಂಡ ಊರಿಗೆ ಸುದ್ದಿ ತಾನಾಗಿ ಮುಟ್ಟಿತು. ಹಡಗುಕಟ್ಟೆ, ಕಾರ್ಖಾನೆ, ಕಚೇರಿ ಒಂದೊಂದಾಗಿ ಖಾಲಿಯಾದವು. ಮುಷ್ಕರ ಮಾಡಿದವರಲ್ಲಿ ಬಹುಪಾಲು ಜನ ಯಹೂದಿಗಳಲ್ಲ. ಅವರು ಬೀದಿಗಿಳಿದದ್ದು ನೆರೆಯವರಿಗಾಗಿ.

ಎರಡನೇ ದಿನ ಗುಂಡು ಹಾರಿತು, 9 ಜನ ಸತ್ತರು. ಮುಷ್ಕರ ಮುರಿಯಿತು. ನಗರದ ಮೇಲೆ 1.5 ಕೋಟಿ ಗಿಲ್ಡರ್ ದಂಡ ಬಿತ್ತು. ಕ್ರಾನ್ ಅವರನ್ನು 1942ರ ನವೆಂಬರ್‌ನಲ್ಲಿ ಗುಂಡಿಟ್ಟು ಕೊಂದರು.

ಕತೆಯನ್ನು ಇಲ್ಲಿಗೇ ನಿಲ್ಲಿಸಿದರೆ ಎಲ್ಲರಿಗೂ ಹಿತ. ಆದರೆ 1942ರ ಬೇಸಿಗೆಯಿಂದ ಯಹೂದಿಗಳನ್ನು ಸಾವಿನ ಶಿಬಿರಗಳಿಗೆ ಸಾಗಿಸಲು ಶುರು ಮಾಡಿದಾಗ, ಅವರನ್ನು ರೈಲು ನಿಲ್ದಾಣಕ್ಕೆ ಮುಟ್ಟಿಸಿದ್ದು ಇದೇ ನಗರದ ಟ್ರಾಂಗಳು. ಟ್ರಾಂ ಸಂಸ್ಥೆ ಅದಕ್ಕೆ ಬಿಲ್ಲನ್ನೂ ಕಳಿಸಿತು! ದೇಶದಲ್ಲಿದ್ದ ಸುಮಾರು 1,40,000 ಯಹೂದಿಗಳಲ್ಲಿ 1 ಲಕ್ಷಕ್ಕೂ ಹೆಚ್ಚು ಜನ ಸತ್ತರು.

ಯುದ್ಧ ಮುಗಿದ ಮೇಲೆ ಇನ್ನೊಂದು ಆಟ. ಶೀತಲ ಸಮರದ ಕಾಲದಲ್ಲಿ ಕಮ್ಯುನಿಸ್ಟರೆಂದರೆ ಆಗದು. ಮುಷ್ಕರಕ್ಕೆ ಕರೆ ಕೊಟ್ಟವರು ಒಂದು ಕಡೆ, ಉಳಿದವರು ಇನ್ನೊಂದು ಕಡೆ ಬೇರೆಬೇರೆಯಾಗಿ ಸ್ಮರಣೆ ಮಾಡುವಂತಾಯಿತು. ಹಮಾಲಿಯ ಪ್ರತಿಮೆ ಬೇಕು, ಹಮಾಲಿಯ ಪಕ್ಷ ಬೇಡ!

‘ಎರಡೇ ದಿನದ ಮುಷ್ಕರ, ಸೋತಿತು, ಏನು ಪ್ರಯೋಜನ?’ ಅಂತ ಕೇಳುವವರೂ ಇದ್ದಾರೆ. ಪ್ರಯೋಜನ ಇದು: ‘ನಾವೇನು ಮಾಡೋಕಾಗುತ್ತಿತ್ತು, ಮೇಲಿನವರ ಆರ್ಡರ್’ ಅನ್ನುವ ನೆಪಕ್ಕೆ ಆ ಎರಡು ದಿನ ಜಾಗ ಉಳಿಸಲಿಲ್ಲ. ಟ್ರಾಂ ನಿಲ್ಲಿಸಬಹುದಿತ್ತು. ಒಂದು ಸಲ ನಿಲ್ಲಿಸಿದ್ದರು ಕೂಡ.

ಹಾಗಾಗಿ ಆ ಪ್ರತಿಮೆ ಊರಿಗೆ ಕೊಟ್ಟ ಸರ್ಟಿಫಿಕೇಟ್ ಅಲ್ಲ. ಅದು ಕೆಲವರ ಧೈರ್ಯದ ಗುರುತು, ಉಳಿದವರಿಗೆ ಕೇಳಿದ ಪ್ರಶ್ನೆ. ಹೂವಿಡುವವರು ಎರಡು ಲೆಕ್ಕವನ್ನೂ ಒಟ್ಟಿಗೇ ಓದಲಿ: ಟ್ರಾಂ ನಿಂತ ದಿನದ್ದು, ಟ್ರಾಂ ಓಡಿದ ರಾತ್ರಿಗಳದ್ದು.