ಕ್ಯಾಲೆಂಡರಿನ ಲಕ್ಷ್ಮಿಯೂ ಇಂದಿನ ಕಲಾವಿದರೂ

ಹಿತ್ತಲ ಗಿಡ ಮದ್ದಲ್ಲವೆಂಬ ಗಾದೆ ನಮ್ಮಲ್ಲಿದೆ. ದಿನವೂ ಕಣ್ಣಿಗೆ ಬೀಳುವ ವಸ್ತುವಿನಲ್ಲಿ ಗುಣವಿರಲಾರದೆಂಬ ಭ್ರಮೆ ಮನುಷ್ಯನಿಗೆ ಸಹಜವಾದುದು. ವಿದ್ಯೆ ಸ್ವಲ್ಪ ತಲೆಗೇರಿದವನಿಗಂತೂ ಅದು ಬಹು ಬೇಗ ಅಂಟಿಕೊಳ್ಳುತ್ತದೆ. ಇದಕ್ಕೆ ನಾನೇ ನಿದರ್ಶನ. ಕಳೆದ ವರ್ಷ ನಮ್ಮ ಕಾಲೇಜಿನ ಚರ್ಚಾಕೂಟದಲ್ಲಿ “ಜನಪ್ರಿಯ ಚಿತ್ರಗಳು ಕಲೆಯ ಶತ್ರುಗಳು” ಎಂಬ ವಿಷಯದ ಪರವಾಗಿ ಮಾತನಾಡಿದೆ. ಕ್ಯಾಲೆಂಡರಿನ ದೇವರು, ಸಿನಿಮಾದ ಭಿತ್ತಿಪತ್ರ, ಅಂಗಡಿಯ ಜಾಹೀರಾತು ಇವೆಲ್ಲ ಜನರ ಅಭಿರುಚಿಯನ್ನು ಕೆಡಿಸುವ ವಿಷವೆಂದೂ, ಇವುಗಳಿಂದ ದೂರ ನಿಂತವನೇ ನಿಜವಾದ ಕಲಾವಿದನೆಂದೂ ವಾದಿಸಿ, ಸಭಿಕರ ಚಪ್ಪಾಳೆಯನ್ನೂ ಮೊದಲನೆಯ ಬಹುಮಾನವನ್ನೂ ಪಡೆದೆ. ಆ ಭಾಷಣವನ್ನು ಹಿಂದಕ್ಕೆ ತೆಗೆದುಕೊಳ್ಳುವುದಕ್ಕಾಗಿ ಈ ಲೇಖನವನ್ನು ಬರೆಯುತ್ತಿದ್ದೇನೆ. ಬಹುಮಾನವಾಗಿ ಬಂದ ಪುಸ್ತಕವನ್ನೂ ಹಿಂದಿರುಗಿಸಬೇಕೆ ಎಂಬುದನ್ನು ಚರ್ಚಾಕೂಟದ ಅಧ್ಯಕ್ಷರು ತೀರ್ಮಾನಿಸಲಿ.

ಮೊದಲು ನನ್ನ ಮನೆಯ ವಿಷಯವನ್ನು ಎರಡು ಮಾತಿನಲ್ಲಿ ಹೇಳಬೇಕಾಗಿದೆ. ನನ್ನ ತಂದೆ ಬೋರ್ಡು ಬರೆಯುವವರು. ಓದಿದುದು ನಾಲ್ಕನೆಯ ತರಗತಿ. ಇಂಗ್ಲಿಷನ್ನು ಅವರು ಓದಲಾರರು, ಆದರೆ ಬರೆಯಬಲ್ಲರು. ಚೀಟಿಯಲ್ಲಿರುವ ಅಕ್ಷರಗಳನ್ನು ಚಿತ್ರದಂತೆ ನೋಡಿಕೊಂಡು, ಒಂದು ಕೂದಲಿನಷ್ಟೂ ಓರೆಯಾಗದಂತೆ ತಗಡಿನ ಮೇಲೆ ಇಳಿಸುತ್ತಾರೆ. ಒಂದು ಕಾಲದಲ್ಲಿ ನಮ್ಮೂರಿನ ಚಿತ್ರಮಂದಿರಕ್ಕೆ ಅವರೇ ಬ್ಯಾನರು ಬರೆಯುತ್ತಿದ್ದರು. ಅಂಗೈಯಗಲದ ಛಾಯಾಚಿತ್ರದ ಮೇಲೆ ಚೌಕದ ಗೆರೆಗಳನ್ನೆಳೆದು, ಅದೇ ಚೌಕಗಳನ್ನು ಬಟ್ಟೆಯ ಮೇಲೆ ದೊಡ್ಡದಾಗಿ ಹಾಕಿಕೊಂಡು, ನಾಯಕನ ಮುಖವನ್ನು ಇಪ್ಪತ್ತು ಅಡಿಗೆ ಬೆಳೆಸುತ್ತಿದ್ದರು. ಫ್ಲೆಕ್ಸ್ ಬಂದ ಮೇಲೆ ಆ ಕೆಲಸ ಹೋಯಿತು. ಈಗ ಗೋಡೆ ಬರಹವೂ ದೇವಸ್ಥಾನದ ಬಣ್ಣವೂ ಉಳಿದಿವೆ. ನಮ್ಮ ವಂಶದಲ್ಲಿ ಪದವಿ ಪರೀಕ್ಷೆಗೆ ಕುಳಿತುಕೊಳ್ಳುತ್ತಿರುವವನು ನಾನೇ ಮೊದಲಿಗ. ನಾನು ಸಭೆಯಲ್ಲಿ ನಿಂದಿಸಿದ ಆ ಚಿತ್ರಗಳಿಂದಲೇ ನನ್ನ ಕಾಲೇಜಿನ ಶುಲ್ಕ ಸಂದಾಯವಾಗಿದೆ.

ಬಹುಮಾನ ಬಂದ ಹುರುಪಿನಲ್ಲಿ ಊರಿಗೆ ಹೋದವನು ಇನ್ನೊಂದು ಅವಿವೇಕ ಮಾಡಿದೆ. ನಡುಮನೆಯ ಗೋಡೆಯ ಮೇಲೆ ಕಿರಾಣಿ ಅಂಗಡಿಯವರು ಕೊಟ್ಟ ಲಕ್ಷ್ಮಿಯ ಕ್ಯಾಲೆಂಡರಿತ್ತು. ಅದನ್ನು ತೆಗೆದು, ಪತ್ರಿಕೆಯಿಂದ ಕತ್ತರಿಸಿದ ಒಂದು ನವ್ಯ ಚಿತ್ರವನ್ನು ಆ ಮೊಳೆಗೆ ಸಿಕ್ಕಿಸಿದೆ. ಹಾಲಿನ ಲೆಕ್ಕ, ಚೀಟಿಯ ಕಂತು, ಏಕಾದಶಿ ಎಲ್ಲವನ್ನೂ ಆ ಕ್ಯಾಲೆಂಡರಿನಲ್ಲಿ ಗುರುತು ಹಾಕುತ್ತಿದ್ದ ನನ್ನ ತಾಯಿ ಸಂಜೆ ದೀಪ ಹಿಡಿದು ಬಂದು ಗೋಡೆಯ ಮುಂದೆ ನಿಂತಳು. “ಯಾಕೋ ಮಗಾ, ಅಮ್ಮನ್ನ ಎಲ್ಲಿಗೆ ಕಳಿಸ್ದೆ?” ಎಂದಳು. ನನ್ನಲ್ಲಿ ಉತ್ತರವಿರಲಿಲ್ಲ.

ಕಾಲೇಜಿಗೆ ಮರಳಿದಾಗ, ನನ್ನ ಭಾಷಣವನ್ನು ಕೇಳಿದ್ದ ಅಧ್ಯಾಪಕರೊಬ್ಬರು ಏನೂ ಹೇಳದೆ ಇಂದಿನ ಭಾರತೀಯ ಕಲೆಯ ಮೇಲಿನ ಕೆಲವು ಪುಸ್ತಕಗಳನ್ನು ನನ್ನ ಕೈಗೆ ಕೊಟ್ಟರು. ನಾನು ಯಾವುದನ್ನು ಕಲೆಯ ಶತ್ರುವೆಂದು ಕರೆದಿದ್ದೆನೊ ಅದನ್ನೇ ನಮ್ಮ ಕಾಲದ ದೊಡ್ಡ ಕಲಾವಿದರು ಎದುರಿಗಿಟ್ಟುಕೊಂಡು ಕುಳಿತಿರುವುದು ಆ ಪುಟಗಳಲ್ಲಿ ಕಂಡಿತು.

ನಮ್ಮ ಮನೆಯ ಲಕ್ಷ್ಮಿಯ ವಂಶಾವಳಿಯಿಂದಲೇ ಆರಂಭಿಸೋಣ. ತಾವರೆಯ ಮೇಲೆ ನಿಂತ ನಾಲ್ಕು ಕೈಗಳ ಆ ಲಕ್ಷ್ಮಿಯ ಮೂಲ ರಾಜಾ ರವಿವರ್ಮನ ಚಿತ್ರ. ಮೈಸೂರಿನ ಅರಮನೆಗೂ ಚಿತ್ರ ಬರೆದುಕೊಟ್ಟ ಈ ಕಲಾವಿದನ ಕೃತಿಗಳನ್ನು ಜಗನ್ಮೋಹನ ಅರಮನೆಯ ಚಿತ್ರಶಾಲೆಯಲ್ಲಿ ನಮ್ಮಲ್ಲಿ ಅನೇಕರು ನೋಡಿರಬಹುದು. ಆತ 1894ರಲ್ಲಿ ಮುಂಬಯಿಯಲ್ಲಿ ಕಲ್ಲಚ್ಚಿನ ಮುದ್ರಣಾಲಯವನ್ನು ತೆರೆದ. ಮುಂದೆ ಅದು ಲೋಣಾವಳದ ಬಳಿಯ ಮಳವಳಿಗೆ ಹೋಯಿತು. ಅರಸರ ಗೋಡೆಯ ಮೇಲಿದ್ದ ದೇವತೆಗಳು ಅಂದಿನಿಂದ ಕಾಗದದ ಮೇಲೆ ಅಚ್ಚಾಗಿ ಜನರ ಮನೆಗೆ ಬಂದರು. ದೇವಸ್ಥಾನದ ಹೊಸಲು ದಾಟಲು ಅವಕಾಶವಿಲ್ಲದಿದ್ದವರ ಮನೆಗೂ ದೇವರು ಹೀಗೆ ನಡೆದುಬಂದನೆಂಬುದನ್ನು ಮರೆಯಬಾರದು. ಈ ಪರಂಪರೆಯಲ್ಲಿ ನಮ್ಮ ನಾಡಿನವರೂ ಇದ್ದಾರೆ. 1916ರಲ್ಲಿ ಗುಲ್ಬರ್ಗದಲ್ಲಿ ಹುಟ್ಟಿದ ಎಸ್. ಎಂ. ಪಂಡಿತರು ಮುಂಬಯಿಯಲ್ಲಿ ಚಲಚ್ಚಿತ್ರಗಳ ಜಾಹೀರಾತು ಚಿತ್ರಗಳನ್ನೂ, ‘ಫಿಲ್ಮ್ ಇಂಡಿಯಾ’ ಪತ್ರಿಕೆಯ ಮುಖಪುಟಗಳನ್ನೂ, ಪುರಾಣದ ಕ್ಯಾಲೆಂಡರುಗಳನ್ನೂ ಬರೆದರು. ಅವರ ಚಿತ್ರಗಳನ್ನು ನೋಡಿದವರು ಲಕ್ಷಾಂತರ. ಹೆಸರನ್ನು ಬಲ್ಲವರು ಎಷ್ಟು ಮಂದಿ?

ಪಶ್ಚಿಮದಲ್ಲಿ ಜನಪ್ರಿಯ ವಸ್ತುವಿಗೂ ಕಲೆಗೂ ನಡುವಿನ ಗೋಡೆಯನ್ನು ಕೆಡವಿದವರಲ್ಲಿ ಆಂಡಿ ವಾರ್ಹಾಲನ ಹೆಸರು ಪ್ರಸಿದ್ಧವಾದುದು. ಜಾಹೀರಾತಿನ ಚಿತ್ರಕಾರನಾಗಿದ್ದ ಆತ 1962ರಲ್ಲಿ ಲಾಸ್ ಏಂಜಲೀಸಿನ ಪ್ರದರ್ಶನವೊಂದರಲ್ಲಿ ಸೂಪಿನ ಡಬ್ಬಿಗಳ 32 ಚಿತ್ರಗಳನ್ನಿಟ್ಟ. ಅಂಗಡಿಯಲ್ಲಿ ಕಾಣುವುದನ್ನೇ ಇಲ್ಲಿಯೂ ಕಾಣಬೇಕೆ ಎಂದು ನಕ್ಕವರಿದ್ದರು. ಆದರೆ ಅಲ್ಲಿನ ಡಬ್ಬಿಗೂ ಇಲ್ಲಿನ ಕ್ಯಾಲೆಂಡರಿಗೂ ಒಂದು ಅಂತರವಿದೆ. ಸೂಪಿನ ಡಬ್ಬಿಗೆ ಯಾರೂ ದೀಪ ಹಚ್ಚುವುದಿಲ್ಲ. ನಮ್ಮಲ್ಲಿ ಅಂಗಡಿಯ ಹೆಸರು ಕೆಳಗೆ, ದೇವರು ಮೇಲೆ. ವ್ಯಾಪಾರವೂ ಭಕ್ತಿಯೂ ಒಂದೇ ಹಾಳೆಯ ಮೇಲಿವೆ. ಆದುದರಿಂದ ನಮ್ಮ ಕಲಾವಿದನು ಇದನ್ನು ಕೈಗೆತ್ತಿಕೊಂಡಾಗ ಜನರ ನಂಬಿಕೆಯನ್ನೂ ಜೊತೆಗೆ ಎತ್ತಿಕೊಳ್ಳುತ್ತಾನೆ. ಅವನ ಹೊಣೆ ಹೆಚ್ಚಿನದು.

ಈ ಹೊಣೆಯನ್ನು ನಮ್ಮವರು ಹೇಗೆ ಹೊತ್ತಿದ್ದಾರೆ? ಎಂ. ಎಫ್. ಹುಸೇನರು ಯೌವನದಲ್ಲಿ ಮುಂಬಯಿಯ ಬೀದಿಗಳಲ್ಲಿ ಸಿನಿಮಾ ಫಲಕಗಳನ್ನು ಬರೆದವರೆಂಬುದು ಎಲ್ಲರಿಗೂ ತಿಳಿದ ಸಂಗತಿ. ಮುಂದೆ ಅವರೇ ತೆಗೆದ ‘ಥ್ರೂ ದಿ ಐಸ್ ಆಫ್ ಎ ಪೇಂಟರ್’ ಎಂಬ ಕಿರುಚಿತ್ರಕ್ಕೆ 1967ರಲ್ಲಿ ಬರ್ಲಿನ್ ಉತ್ಸವದಲ್ಲಿ ಪಾರಿತೋಷಕ ದೊರೆಯಿತು. ಬರೋಡದ ಭೂಪೇನ್ ಖಖ್ಖರ್ ವೃತ್ತಿಯಿಂದ ಲೆಕ್ಕಪರಿಶೋಧಕರು. ಅವರು ಬಜಾರಿನ ದೇವರ ಚಿತ್ರಗಳನ್ನು ತಮ್ಮ ಕೃತಿಗಳಲ್ಲಿ ಅಂಟಿಸಿದರು. 1972ರಲ್ಲಿ ‘ಜನತಾ ವಾಚ್ ರಿಪೇರಿಂಗ್’ ಎಂಬ ಚಿತ್ರದಲ್ಲಿ ಗಡಿಯಾರ ದುರಸ್ತಿಯ ಸಣ್ಣ ಅಂಗಡಿಯನ್ನು ಬರೆದರು. ಅಂಗಡಿಯ ಬೋರ್ಡೂ ಅದರ ಕೆಳಗೆ ಕೂರುವ ಮನುಷ್ಯನೂ ಚಿತ್ರಕ್ಕೆ ಯೋಗ್ಯವಾದ ವಸ್ತುಗಳೆಂದು ಅವರು ತೋರಿಸಿದರು. ಬೋರ್ಡು ಬರೆಯುವವರ ಮಗನಿಗೆ ಇದು ಸಣ್ಣ ಮಾತಲ್ಲ.

ಆದರೆ ನನ್ನ ಅಭಿಪ್ರಾಯವನ್ನು ಬುಡದಿಂದ ಅಲುಗಿಸಿದವು ಇಬ್ಬರು ಕಲಾವಿದರ ಕೃತಿಗಳು. ಮೊದಲನೆಯವರು ಬೆಂಗಳೂರಿನಲ್ಲಿ ಹುಟ್ಟಿದ ಎನ್. ಪುಷ್ಪಮಾಲಾ. ಶಿಲ್ಪಕಲೆಯನ್ನು ಕಲಿತ ಇವರು ಮುಂದೆ ತಾವೇ ವೇಷ ಧರಿಸಿ, ಛಾಯಾಚಿತ್ರಗಳಲ್ಲಿ ಪಾತ್ರವಾಗತೊಡಗಿದರು. 1996-98ರ ‘ಫ್ಯಾಂಟಮ್ ಲೇಡಿ’ ಸರಣಿಯಲ್ಲಿ ಹಳೆಯ ಸಾಹಸಚಿತ್ರಗಳ ನಾಡಿಯಾಳನ್ನು ನೆನಪಿಗೆ ತರುವ ನಾಯಕಿಯಾದರು. ಅನಂತರ 2000ದಿಂದ 2004ರವರೆಗೆ, ಬೆಂಗಳೂರಿನಲ್ಲಿ ನೆಲೆಸಿದ ಛಾಯಾಗ್ರಾಹಕಿ ಕ್ಲೇರ್ ಆರ್ನಿಯವರೊಡನೆ ದಕ್ಷಿಣ ಭಾರತದ ಸ್ತ್ರೀಯರ ಚಿತ್ರಗಳ ದೊಡ್ಡ ಸರಣಿಯೊಂದನ್ನು ಮಾಡಿದರು. ಅದರಲ್ಲಿ ಅವರು ಒಮ್ಮೆ ರವಿವರ್ಮನ ಲಕ್ಷ್ಮಿ. ಒಮ್ಮೆ ತಮಿಳು ಚಲಚ್ಚಿತ್ರದ ನಾಯಕಿ. ಒಮ್ಮೆ ಆಂಗ್ಲ ಅಧಿಕಾರಿಗಳ ಕಾಲದಲ್ಲಿ ಅಳತೆಯ ಚೌಕಗಳ ಮುಂದೆ ನಿಲ್ಲಿಸಲ್ಪಟ್ಟ ತೋಡ ಹೆಂಗಸು. ಮತ್ತೊಮ್ಮೆ ವೃತ್ತಪತ್ರಿಕೆಯಲ್ಲಿ ಕಾಣುವಂತೆ ಕಳವಿನ ಆಪಾದನೆ ಹೊತ್ತು ನಿಂತವಳು.

ಪುಟ ತಿರುಗಿಸುತ್ತ ಹೋದಂತೆ ನನಗೆ ಒಂದು ವಿಷಯ ಹೊಳೆಯಿತು. ದೇವಿಯೂ ಅದೇ ಮುಖ, ಆಪಾದಿತೆಯೂ ಅದೇ ಮುಖ. ವೇಷವನ್ನೂ ಹಿನ್ನೆಲೆಯ ಪರದೆಯನ್ನೂ ಬದಲಾಯಿಸಿದರೆ ನಾವು ಕೈಮುಗಿಯುತ್ತೇವೆ. ಮತ್ತೆ ಬದಲಾಯಿಸಿದರೆ ಅನುಮಾನದಿಂದ ನೋಡುತ್ತೇವೆ. ಹಾಗಾದರೆ ಹೆಂಗಸನ್ನು ಹೇಗೆ ನೋಡಬೇಕೆಂಬುದನ್ನು ನಮಗೆ ಕಲಿಸಿದವರು ಯಾರು? ಕ್ಯಾಲೆಂಡರೂ ಸಿನಿಮಾವೂ ವೃತ್ತಪತ್ರಿಕೆಯೂ ಅಲ್ಲವೆ? ಸರಣಿಯ ಒಂದು ಭಾಗದಲ್ಲಿ ಈ ಚಿತ್ರಗಳನ್ನು ತೆಗೆದ ಬಗೆಯನ್ನೇ ಬಯಲಿಗಿಟ್ಟಿದ್ದಾರೆ. ಮೋಡಿಕಾರನೇ ತನ್ನ ಕೈಚಳಕವನ್ನು ನಿಧಾನವಾಗಿ ಮಾಡಿ ತೋರಿಸಿದಂತೆ ಇದೆ.

ಎರಡನೆಯವರು ಮುಂಬಯಿಯ ಅತುಲ್ ದೋಡಿಯಾ. ಇವರು ಅಂಗಡಿಗಳಿಗೆ ಹಾಕುವ ಕಬ್ಬಿಣದ ಷಟರುಗಳ ಮೇಲೆ ಚಿತ್ರ ಬರೆದರು. ಈ ಶತಮಾನದ ಮೊದಲ ವರ್ಷಗಳ ಒಂದು ಕೃತಿಯ ಹೆಸರು ‘ಮಹಾಲಕ್ಷ್ಮಿ’. ಷಟರು ಇಳಿದಾಗ ಅದರ ಮೇಲೆ ಕ್ಯಾಲೆಂಡರಿನ ಲಕ್ಷ್ಮಿ. ಷಟರನ್ನು ಮೇಲೆತ್ತಿದರೆ ಹಿಂದೆ ಇನ್ನೊಂದು ಚಿತ್ರ: ವರದಕ್ಷಿಣೆಯ ಬವಣೆಯಿಂದ ಪ್ರಾಣ ಕಳೆದುಕೊಂಡ ಮೂವರು ಸೋದರಿಯರು. ಇಲ್ಲಿ ಯಾವ ಉಪದೇಶವೂ ಇಲ್ಲ. ಮನೆಯ ಮಗಳನ್ನು ಲಕ್ಷ್ಮಿಯೆಂದು ಕರೆಯುವ ನಾವು, ಅವಳ ಮದುವೆಯ ಮಾತು ಬಂದಾಗ ಯಾವ ಲಕ್ಷ್ಮಿಯನ್ನು ಲೆಕ್ಕ ಹಾಕುತ್ತೇವೆಂಬುದನ್ನು ಆ ಷಟರು ಸದ್ದಿಲ್ಲದೆ ಕೇಳುತ್ತದೆ. ನನಗೆ ಇಬ್ಬರು ತಂಗಿಯರಿದ್ದಾರೆ. ಆ ಪುಟವನ್ನು ನಾನು ಬಹಳ ಹೊತ್ತು ತಿರುಗಿಸಲಿಲ್ಲ.

ನನ್ನ ಹಳೆಯ ಭಾಷಣದ ವಾದಗಳಿಗೆ ಈಗ ನಾನೇ ಉತ್ತರ ಹೇಳಬಲ್ಲೆ. ಜನಪ್ರಿಯ ಚಿತ್ರ ಹಣಕ್ಕಾಗಿ ಹುಟ್ಟಿದುದು, ಆದುದರಿಂದ ಕಲೆಯಲ್ಲ ಎಂದಿದ್ದೆ. ಅರಸನು ಕೊಟ್ಟ ಹಣ ಶುದ್ಧ, ಕಿರಾಣಿ ಅಂಗಡಿಯವನು ಕೊಟ್ಟ ಹಣ ಅಶುದ್ಧ ಎಂಬುದು ಯಾವ ನ್ಯಾಯ? ಅದನ್ನು ಎತ್ತಿಕೊಳ್ಳುವ ಕಲಾವಿದ ಬರಿಯ ನಕಲುಗಾರ ಎಂದಿದ್ದೆ. ನಕಲು ಮಾಡುವವನು ನಾವು ಕಂಡುದನ್ನೇ ಮತ್ತೆ ಕೊಡುತ್ತಾನೆ; ಈ ಕಲಾವಿದರು ನಾವು ದಿನವೂ ನೋಡಿಯೂ ಕಾಣದೆ ಇದ್ದುದನ್ನು ಕೊಡುತ್ತಾರೆ. ಕಲಾವಿದ ಜನರ ಗದ್ದಲದಿಂದ ದೂರವಿರಬೇಕು ಎಂದಿದ್ದೆ. ಇಂದು ಎಲ್ಲಿಗೆಂದು ದೂರ ಹೋಗುವುದು? ಬೆಳಿಗ್ಗೆ ಎದ್ದು ರಾತ್ರಿ ಮಲಗುವವರೆಗೆ ನಮ್ಮ ಹೆಬ್ಬೆರಳಿನ ಕೆಳಗೆ ಮೊಬೈಲಿನಲ್ಲಿ ಹರಿದುಹೋಗುವ ಚಿತ್ರಗಳು ನಮ್ಮ ಅಜ್ಜಂದಿರು ಒಂದು ಜನ್ಮದಲ್ಲಿ ಕಂಡುದಕ್ಕಿಂತ ಹೆಚ್ಚು. ಹರಿಯುವ ಚಿತ್ರವನ್ನು ಒಂದು ಗಳಿಗೆ ತಡೆದು, “ಇದು ಯಾರು ಮಾಡಿದುದು? ನಿನ್ನಿಂದ ಏನನ್ನು ಬಯಸುತ್ತದೆ?” ಎಂದು ಕೇಳುವವನೊಬ್ಬ ಬೇಕೇ ಬೇಕು. ಆ ಕೆಲಸವನ್ನು ಇಂದಿನ ಕಲಾವಿದ ಮಾಡದಿದ್ದರೆ ಮತ್ತಾರು ಮಾಡಬೇಕು?

ಇಷ್ಟಾದರೂ ನನ್ನ ಒಪ್ಪಿಗೆ ಪೂರ್ಣವಾದುದಲ್ಲ. ದಸರೆಯ ರಜೆಯಲ್ಲಿ ಆ ಪುಸ್ತಕವನ್ನು ಮನೆಗೆ ತೆಗೆದುಕೊಂಡು ಹೋಗಿದ್ದೆ. ಪುಷ್ಪಮಾಲಾ ಅವರ ಲಕ್ಷ್ಮಿಯನ್ನು ತಂದೆಯವರಿಗೆ ತೋರಿಸಿ, ಪಾಂಡಿತ್ಯದಿಂದ ವಿವರಿಸತೊಡಗಿದೆ. ಅವರು ನನ್ನ ಮಾತಿಗೆ ಹೂಂಗುಟ್ಟುತ್ತ, ಹಾಳೆಯನ್ನು ಬೆಳಕಿಗೆ ಹಿಡಿದು, ದೇವಿಯ ಹಿಂದಿನ ಪರದೆಯನ್ನು ನೋಡುತ್ತಿದ್ದರು. “ಈ ಪರದೆ ಬರ್ದೋನ ಕೈ ಪಳಗಿದ ಕೈ ಕಣೋ. ಯಾರವನು?” ಎಂದರು. ನಾನು ತಬ್ಬಿಬ್ಬಾದೆ. ಅದನ್ನು ತಿಳಿಯಬೇಕೆಂದು ನನಗೆ ತೋಚಿಯೇ ಇರಲಿಲ್ಲ.

ನನ್ನ ಆಕ್ಷೇಪಣೆ ಆ ಪ್ರಶ್ನೆಯಲ್ಲಿಯೇ ಇದೆ. ನಾವು ಕಲೆಯನ್ನು ಓದುವವರು ಅರ್ಥವನ್ನು ಹುಡುಕುತ್ತೇವೆ, ಕೈಯನ್ನು ಮರೆಯುತ್ತೇವೆ. ಬೀದಿಯ ಚಿತ್ರ ಚಿತ್ರಶಾಲೆಗೆ ಹೋದಾಗ ಅದನ್ನು ಒಯ್ದವರ ಹೆಸರು ಉಳಿಯುತ್ತದೆ. ಮೊದಲು ಬರೆದವನ ಹೆಸರು ಬೀದಿಯಲ್ಲಿಯೇ ಉಳಿಯುತ್ತದೆ. ನಮ್ಮೂರಿನ ಬ್ಯಾನರುಗಳ ಮೂಲೆಯಲ್ಲಿ ತಂದೆಯವರು ತಮ್ಮ ಹೆಸರನ್ನು ಸಣ್ಣದಾಗಿ ಬರೆಯುತ್ತಿದ್ದರು. ಚಿತ್ರ ಬದಲಾದೊಡನೆ ಅದರ ಮೇಲೆಯೇ ಮುಂದಿನ ವಾರದ ಬಣ್ಣ ಬೀಳುತ್ತಿತ್ತು. ಅವರು ಬರೆದುದರಲ್ಲಿ ಒಂದೂ ಇಂದು ಉಳಿದಿಲ್ಲ. ಆದುದರಿಂದ ಜನಪ್ರಿಯ ಚಿತ್ರಗಳಿಂದ ಸಾಲ ಪಡೆಯುವ ಕಲಾವಿದರನ್ನೂ ಅವರನ್ನು ಹೊಗಳುವ ವಿಮರ್ಶಕರನ್ನೂ ನಾವು ಎರಡು ಪ್ರಶ್ನೆ ಕೇಳಬೇಕು. ಈ ಚಿತ್ರವನ್ನು ನಂಬಿ ಬಾಳಿದವರನ್ನು ನೀವು ಗೇಲಿ ಮಾಡುತ್ತಿದ್ದೀರೋ, ಅವರೊಡನೆ ಮಾತನಾಡುತ್ತಿದ್ದೀರೋ? ಸಾಲ ಕೊಟ್ಟವನ ಹೆಸರನ್ನು ಹೇಳಿದ್ದೀರೋ? ಈ ಎರಡಕ್ಕೂ ನೇರವಾದ ಉತ್ತರ ಕೊಡಬಲ್ಲ ಕೃತಿಯೇ ನನ್ನ ಮಟ್ಟಿಗೆ ದೊಡ್ಡ ಕೃತಿ.

ಕೊನೆಯದಾಗಿ ಒಂದು ಮಾತು. ಮೇಲೆ ಹೇಳಿದ ಕೃತಿಗಳಲ್ಲಿ ಒಂದನ್ನೂ ನಾನು ಚಿತ್ರಶಾಲೆಯಲ್ಲಿ ಕಂಡವನಲ್ಲ. ಎಲ್ಲವನ್ನೂ ಅಚ್ಚಿನಲ್ಲಿಯೇ ನೋಡಿದುದು. ನನ್ನ ತಾಯಿ ರವಿವರ್ಮನ ಲಕ್ಷ್ಮಿಯನ್ನು ಕಂಡುದೂ ಅಚ್ಚಿನಲ್ಲಿಯೇ. ಕಾಗದದ ಮೇಲಿನ ಚಿತ್ರವನ್ನು ಕೀಳೆಂದು ಜರೆದು ಬಹುಮಾನ ಪಡೆದ ನಾನು, ಕಾಗದದ ಮೇಲಿನ ಚಿತ್ರವಿಲ್ಲದಿದ್ದರೆ ಕಲೆಯ ಮುಖವನ್ನೇ ಕಾಣುತ್ತಿರಲಿಲ್ಲ. ಈ ವಿಷಯದಲ್ಲಿ ತಾಯಿಗೂ ಮಗನಿಗೂ ಏನೇನೂ ಭೇದವಿಲ್ಲ. ನಮ್ಮ ಕಾಲೇಜಿನ ಕಲಾಸಂಘವು ಮುಂದಿನ ವರ್ಷವಾದರೂ ಒಂದು ಸಣ್ಣ ಪ್ರದರ್ಶನವನ್ನು ಏರ್ಪಡಿಸಲಿ: ಒಂದು ಗೋಡೆಗೆ ಇಂದಿನ ಕಲಾವಿದರ ಅಚ್ಚುಗಳು, ಎದುರು ಗೋಡೆಗೆ ವಿದ್ಯಾರ್ಥಿಗಳು ತಮ್ಮ ಮನೆಗಳಿಂದ ತಂದ ಹಳೆಯ ಕ್ಯಾಲೆಂಡರುಗಳು. ಊರಿನ ಬೋರ್ಡು ಬರೆಯುವವರನ್ನು ಕರೆದು, ಅವರ ಹೆಸರಿನ ಬೋರ್ಡನ್ನು ಅವರಿಂದಲೇ ಬರೆಸೋಣ. ಉದ್ಘಾಟನೆಗೆ ಯಾರನ್ನು ಕರೆಯಬೇಕೆಂಬ ಚಿಂತೆ ಬೇಡ; ದೀಪ ಹಚ್ಚುವುದರಲ್ಲಿ ಅನುಭವವುಳ್ಳವರೊಬ್ಬರು ನಮ್ಮ ಮನೆಯಲ್ಲಿದ್ದಾರೆ.

ಆ ಕ್ಯಾಲೆಂಡರನ್ನು ನಾನು ಅಂದೇ ಮತ್ತೆ ಗೋಡೆಗೆ ಹಾಕಿದೆ. ನವ್ಯ ಚಿತ್ರವನ್ನು ತಾಯಿ ಎಸೆಯಲಿಲ್ಲ. ಪಕ್ಕದಲ್ಲಿ ಇನ್ನೊಂದು ಮೊಳೆ ಹೊಡೆಯಿಸಿ ಅದನ್ನೂ ತೂಗುಹಾಕಿದಳು. ಮಗ ತಂದುದಲ್ಲವೆ ಎಂದಳು.